ಶಾಲೆ ಬಿಡುವ ಮೊದಲು

ಅಮ್ಮ ನಿನ್ನೆ ಸಂಜೆ ಊಟದ ಮೇಜಿನ ಮುಂದೆ ಕೂತು ಆಡಿದ ಎರಡು ಪದ ಬೆಳಗಾದರೂ ಅವಳನ್ನು ಬಿಟ್ಟಿರಲಿಲ್ಲ. ಹಲ್ಲಿನ ಸಂದಿಗೆ ಸಿಕ್ಕಿಕೊಂಡ ನಾರಿನ ಹಾಗೆ ಅದು ಅಲ್ಲೇ ಇತ್ತು, ಬೇಡವೆಂದರೂ ನಾಲಗೆ ಅಲ್ಲಿಗೇ ಹೋಗುತ್ತಿತ್ತು. ನಡೆದದ್ದು ಇಷ್ಟೇ. ಅವಳು ತನ್ನ ಮೊಮ್ಮಕ್ಕಳಿಗೆ ತಾನು ಹುಟ್ಟಿ ಬೆಳೆದ ವಠಾರದ ಮನೆಯ ವಿಷಯ ಹೇಳುತ್ತಿದ್ದಳು. ಒಂದೇ ಸಾಲಿನ ಮನೆಗಳು, ಎಲ್ಲಕ್ಕೂ ಒಂದೇ ನಲ್ಲಿ, ಎರಡು ಕೋಣೆಯಲ್ಲಿ ನಾಲ್ಕು ಜನ. ಹೇಳುತ್ತಾ ಹೇಳುತ್ತಾ ಅವಳ ದನಿ ಎಂದಿನಂತೆ ಮೆತ್ತಗಾಗಿ, "ಕಷ್ಟ ಅಂದ್ರೆ ಏನು ಅಂತಾನೇ ಗೊತ್ತಿರಲಿಲ್ಲ ಆ ಮನೇಲಿ" ಎಂದಿದ್ದಳು. ಅಮ್ಮ ತಟ್ಟೆಯಿಂದ ತಲೆ ಎತ್ತದೆ, "ನಿನಗೆ ಗೊತ್ತಿರಲಿಲ್ಲ" ಅಂದಳು. ಅಂದು, ನೀರಿನ ಲೋಟ ಈ ಕಡೆ ಸರಿಸಲು ಸನ್ನೆ ಮಾಡಿದಳು. ಮಕ್ಕಳು ನಕ್ಕರು. ಅವಳೂ ನಕ್ಕಳು. ಆದರೆ ಹಾಸಿಗೆಯಲ್ಲಿ ಮಲಗಿದ ಮೇಲೆ ಆ ನಗು ಇರಲಿಲ್ಲ, ಆ ಎರಡು ಪದ ಮಾತ್ರ ಇದ್ದವು. ಈಗ ಕನ್ನಡಿಯ ಮುಂದೆ ನಿಂತು ತಲೆ ಬಾಚಿಕೊಳ್ಳುವಾಗಲೂ ಇದ್ದವು.

ಆ ಮಾತು ಬೇರೆ ಯಾವ ದಿನ ಬಂದಿದ್ದರೂ ಪರವಾಗಿರಲಿಲ್ಲ. ಇವತ್ತೇ ಅವಳು ವಸ್ತುಸಂಗ್ರಹಾಲಯಕ್ಕೆ ಹೋಗಿ ಆ ಮನೆಯ ಬಗ್ಗೆ ಮಾತಾಡಬೇಕಿತ್ತು. ಅಲ್ಲಿ ಹೊಸದಾಗಿ ಒಂದು ಹಳೆಯ ಕಾಲದ ಮನೆ ಕಟ್ಟಿ ನಿಲ್ಲಿಸಿದ್ದಾರೆ; ನೋಡಲು ಬಂದವರು ಗೋಡೆಯ ಮೇಲಿನ ಗುಂಡಿ ಒತ್ತಿದರೆ ಆ ಕಾಲದಲ್ಲಿ ಮಗುವಾಗಿದ್ದ ಯಾರೋ ಒಬ್ಬರ ದನಿ ಕೇಳಬೇಕು ಎಂಬುದು ಅವರ ಯೋಜನೆ. ಆ ಯಾರೋ ಒಬ್ಬರು ಅವಳೇ ಆಗಲಿ ಎಂದು ಅವಳ ಹಳೆಯ ವಿದ್ಯಾರ್ಥಿನಿಯೊಬ್ಬಳು ಸೂಚಿಸಿದ್ದಳು. ಮೂವತ್ತು ಚಿಲ್ಲರೆ ವರ್ಷ ಮಕ್ಕಳಿಗೆ ಪಾಠ ಹೇಳಿದ ಟೀಚರ್, ಮಾತು ಬರುತ್ತದೆ, ನೆನಪಿದೆ, ದನಿಯೂ ಇನ್ನೂ ಒಡೆದಿಲ್ಲ. ಒಪ್ಪಿಕೊಂಡಾಗ ಅವಳಿಗೆ ಆದ ಸಂತೋಷವನ್ನು ಅವಳು ಯಾರಿಗೂ ತೋರಿಸಿರಲಿಲ್ಲ. ಆ ಮನೆಯನ್ನು ಅವಳು ಪ್ರೀತಿಸುತ್ತಿದ್ದಳು. ಗಂಡನ ಮನೆಯನ್ನಾಗಲಿ, ತಾನೇ ಮುಂದೆ ನಿಂತು ಕಟ್ಟಿಸಿದ ಈ ಮನೆಯನ್ನಾಗಲಿ ಹಾಗೆ ಪ್ರೀತಿಸಲು ಅವಳಿಗೆ ಆಗಿರಲಿಲ್ಲ. ಈಗ ಅಮ್ಮ ಅದರ ಬಾಗಿಲನ್ನು ಒಂದಿಷ್ಟು ತೆರೆದು, ಒಳಗೆ ಕತ್ತಲೆ ಇದೆ ನೋಡು ಎಂದು ಹೇಳಿ ಹೋದ ಹಾಗಿತ್ತು.

"ನಾನೂ ಬರ್ತೀನಿ" ಎಂದಳು ಅಮ್ಮ, ಚಪ್ಪಲಿ ಹಾಕಿಕೊಂಡು ಬಾಗಿಲ ಬಳಿ ನಿಂತು.

"ನೀನು ಯಾಕಮ್ಮ? ಬಸ್ಸಲ್ಲಿ ಹೋಗ್ಬೇಕು. ನಿಂತು ನಿಂತು ಸಾಕಾಗುತ್ತೆ ನಿನಗೆ."

"ಬಸ್ಸಲ್ಲಿ ನಂಗೆ ಯಾರಾದ್ರೂ ಜಾಗ ಕೊಡ್ತಾರೆ. ನಿನಗೇ ಕೊಡಲ್ಲ. ನಡಿ."

ಬಸ್ಸಿನಲ್ಲಿ ಹಾಗೆಯೇ ಆಯಿತು. ಕಾಲೇಜು ಹುಡುಗನೊಬ್ಬ ಎದ್ದು ಅಮ್ಮನಿಗೆ ಕಿಟಕಿ ಪಕ್ಕ ಜಾಗ ಕೊಟ್ಟ. ಅವಳು ಕಂಬಿ ಹಿಡಿದು ನಿಂತು ಅಮ್ಮನ ನೆತ್ತಿಯನ್ನು ನೋಡಿದಳು. ಕೂದಲು ಎಷ್ಟು ತೆಳ್ಳಗಾಗಿದೆ, ಬೈತಲೆ ಎಷ್ಟು ಅಗಲವಾಗಿದೆ. ಅಮ್ಮ ಯಾಕೆ ಬರುತ್ತಿದ್ದಾಳೆ? ಮೈಕಿನ ಮುಂದೆಯೂ ತಿದ್ದುವುದಕ್ಕಾ? ತಿದ್ದಬೇಕಾದ್ದು ಇದ್ದರೆ ಇಷ್ಟು ವರ್ಷ ಬಾಯಿ ಮುಚ್ಚಿಕೊಂಡು ಯಾಕಿದ್ದಳು? ಬಸ್ಸು ತಿರುಗಿದಾಗ ಅಮ್ಮನ ತೋಳು ಕಿಟಕಿಯ ಚೌಕಟ್ಟಿಗೆ ಒರಗಿ, ಮೊಣಕೈಯ ಹಳೆಯ ಗಾಯದ ಗುರುತು ಕಂಡಿತು, ಅರ್ಧಚಂದ್ರದ ಹಾಗೆ ಬಿಳುಚಿಕೊಂಡದ್ದು. ವಠಾರದ ನಲ್ಲಿಯ ಹತ್ತಿರ ಪಾಚಿಯ ಮೇಲೆ ಜಾರಿ ಬಿದ್ದದ್ದು ಅದು, ತುಂಬಿದ ಕೊಡದ ಸಮೇತ. ಈ ಪ್ರಸಂಗವನ್ನು ಅವಳು ತರಗತಿಯಲ್ಲಿ ಎಷ್ಟೋ ಸಲ ಹೇಳಿದ್ದಾಳೆ, ತಾಯಂದಿರು ನಮಗಾಗಿ ಎಷ್ಟೆಲ್ಲ ಕಷ್ಟಪಡುತ್ತಾರೆ ಎಂಬುದಕ್ಕೆ ಉದಾಹರಣೆಯಾಗಿ. ಬೆಳಗಿನ ಜಾವದ ನಲ್ಲಿ, ಸಾಲಾಗಿ ಇಟ್ಟ ಕೊಡಗಳು, ಹೆಂಗಸರ ಬಾಯಿ, ನೀರು ಮೊದಲು ಸಣ್ಣಗೆ ಉಗುಳಿ ಆಮೇಲೆ ಒಮ್ಮೆಲೇ ಭೋರೆಂದು ಬರುವುದು. ಕೊಡದ ತಳಕ್ಕೆ ನೀರು ಬೀಳುವ ಸದ್ದು, ನೀರು ಕಂಠಕ್ಕೆ ಏರುವ ಹೊತ್ತಿಗೆ ಸಣ್ಣಗಾಗುತ್ತಾ ಹೋಗುವುದು. ಹೊದಿಕೆಯೊಳಗೆ ಮಲಗಿ ಆ ಸದ್ದಿನಿಂದಲೇ ಎಷ್ಟನೆಯ ಕೊಡ ಎಂದು ಅವಳೂ ತಮ್ಮನೂ ಪಣ ಕಟ್ಟುತ್ತಿದ್ದರು. ಅದು ಅವಳಿಗೆ ಸಂಗೀತವಾಗಿತ್ತು. ಅಮ್ಮನಿಗೆ ಏನಾಗಿತ್ತು? ಇದನ್ನು ಅವಳು ಒಮ್ಮೆಯೂ ಕೇಳಿಕೊಂಡಿರಲಿಲ್ಲ. ಕೇಳಿಕೊಳ್ಳದೆ ಅರವತ್ತು ವರ್ಷ ಸವಿದದ್ದು ಈಗ ನಾಚಿಕೆಯ ಹಾಗೆ ಕಿವಿಗೆ ಬಿಸಿಯಾಗಿ ಏರಿತು.

ಸಂಗ್ರಹಾಲಯದ ಮೆಟ್ಟಿಲ ಬಳಿ ಕಾದಿದ್ದ ಹುಡುಗಿ ಚುರುಕಾಗಿದ್ದಳು. ಕುತ್ತಿಗೆಗೆ ಗುರುತಿನ ಚೀಟಿ, ಕಿವಿಯ ಹಿಂದೆ ಪೆನ್ಸಿಲು. "ಬನ್ನಿ ಮೇಡಂ. ಅಜ್ಜಿನೂ ಬಂದ್ರಾ? ತುಂಬಾ ಒಳ್ಳೇದಾಯ್ತು" ಎಂದಳು. ಧ್ವನಿ ಹಿಡಿಯುವ ಕೋಣೆ ಎಂದರೆ ಹಿಂಭಾಗದ ಉಗ್ರಾಣ, ಸದ್ದು ಪ್ರತಿಧ್ವನಿಸದಿರಲಿ ಎಂದು ಗೋಡೆಗೆಲ್ಲ ಕಂಬಳಿ ಬಡಿದಿದ್ದರು. ಇಬ್ಬರಿಗಿಂತ ಹೆಚ್ಚು ಜನಕ್ಕೆ ಅಲ್ಲಿ ಜಾಗವಿರಲಿಲ್ಲ. ಅಮ್ಮನನ್ನು ಹೊರಗೆ ಹಜಾರದ ಬೆಂಚಿನ ಮೇಲೆ ಕೂರಿಸಿ, ದೊಡ್ಡ ಮೀಸೆಯ ಕಾವಲುಗಾರನಿಗೆ ಒಪ್ಪಿಸಿದರು. ಬಾಗಿಲು ಮುಚ್ಚಿದಾಗ ಅವಳಿಗೆ ಹಗುರವೆನಿಸಿತು. ಹಗುರವೆನಿಸಿದ್ದಕ್ಕೆ ಬೇಸರವೂ ಆಯಿತು.

"ಏನು ನೆನಪಿಗೆ ಬರುತ್ತೋ ಅದು ಹೇಳಿ ಮೇಡಂ. ಪಾಠದ ಹಾಗೆ ಬೇಡ" ಎಂದಳು ಹುಡುಗಿ, ನಗುತ್ತಾ. ಪಾಠದ ಹಾಗೆ ಬೇಡ ಎಂದದ್ದು ಸಣ್ಣಗೆ ಚುಚ್ಚಿತು.

ಅವಳು ಅಪ್ಪನಿಂದ ಆರಂಭಿಸಿದಳು, ಅಲ್ಲಿ ಅಪಾಯವಿರಲಿಲ್ಲ. ಅಪ್ಪ ಮುದ್ರಣಾಲಯದಲ್ಲಿ ಅಚ್ಚಿನ ಮೊಳೆ ಜೋಡಿಸುತ್ತಿದ್ದರು. ಸೀಸದ ಸಣ್ಣ ಸಣ್ಣ ಮೊಳೆ, ಒಂದೊಂದರ ತಲೆಯ ಮೇಲೂ ಒಂದೊಂದು ಅಕ್ಷರ, ಅದೂ ತಿರುಗಾಮುರುಗಾ. ಸಂಜೆ ಮನೆಗೆ ಬಂದು ಎಷ್ಟು ಉಜ್ಜಿದರೂ ಉಗುರ ಸಂದಿಯ ಮಸಿ ಹೋಗುತ್ತಿರಲಿಲ್ಲ. ಆ ಬೆರಳುಗಳಿಂದಲೇ ಅವಳ ಕೈ ಹಿಡಿದು ಸ್ಲೇಟಿನ ಮೇಲೆ ಅಕ್ಷರ ತಿದ್ದಿಸುತ್ತಿದ್ದರು. ದಿನವಿಡೀ ಉಲ್ಟಾ ಅಕ್ಷರ ನೋಡಿದ ಕಣ್ಣು; ಒಂದು ಸಂಜೆ ಅಪ್ಪ ಆಯಾಸದಲ್ಲೋ ತಮಾಷೆಗೋ ಅವಳ ಹೆಸರನ್ನು ಮೊಳೆಯ ಮೇಲಿರುವಂತೆಯೇ ಬರೆದುಕೊಟ್ಟರು. ಅವಳು ಅದನ್ನೇ ಶಾಲೆಯಲ್ಲಿ ಬರೆದಳು. ಮೇಷ್ಟ್ರು ಸ್ಲೇಟನ್ನು ಎತ್ತಿ ಎಲ್ಲರಿಗೂ ತೋರಿಸಿದರು, ತರಗತಿ ಘೊಳ್ಳೆಂದಿತು. ಅವಳು ಅಳುತ್ತಾ ಮನೆಗೆ ಬಂದಾಗ ಅಪ್ಪ ಸ್ಲೇಟನ್ನು ಕನ್ನಡಿಯ ಮುಂದೆ ಹಿಡಿದು, "ನೋಡು, ನಿಮ್ಮ ಮೇಷ್ಟ್ರಿಗೆ ಕನ್ನಡಿ ಇಲ್ಲ, ಅಷ್ಟೇ. ನಮ್ಮ ಪ್ರೆಸ್ಸಲ್ಲಾದ್ರೆ ನಿನ್ನನ್ನ ನಾಳೆಯೇ ಕೆಲಸಕ್ಕೆ ತಗೊಳ್ತಾರೆ" ಎಂದಿದ್ದರು. ಇದನ್ನು ಹೇಳುವಾಗ ಮೈಕಿನ ಆಚೆ ಕೂತ ಹುಡುಗಿ ಸದ್ದಿಲ್ಲದೆ ನಕ್ಕಳು. ಅವಳಿಗೆ ಧೈರ್ಯ ಬಂತು. ದರ್ಜಿಯ ಮನೆಯ ರೇಡಿಯೋ ಬಿಸಿಯಾಗಿ ತನ್ನ ಹಸಿರು ದೀಪದ ಕಣ್ಣು ಬಿಡುವವರೆಗೂ ವಠಾರದ ಮಕ್ಕಳೆಲ್ಲ ಉಸಿರು ಬಿಗಿಹಿಡಿದು ಕಾಯುತ್ತಿದ್ದುದನ್ನು ಹೇಳಿದಳು. ಇಸ್ತ್ರಿಪೆಟ್ಟಿಗೆಯ ಕೆಂಡ, ಹಾಸಿಗೆಯ ಕೆಳಗೆ ಮಡಿಸಿಟ್ಟು ನೆರಿಗೆ ಕೂರಿಸಿದ ಶಾಲೆಯ ಬಟ್ಟೆ, ಬಿಳಿ ಬಟ್ಟೆಗೆ ಹಾಕುವ ನೀಲಿಯ ಪುಡಿ ಬಕೆಟ್ಟಿನ ನೀರಿನಲ್ಲಿ ಹೊಗೆಯಂತೆ ಹರಡುವುದು, ಟ್ರಂಕು ತೆರೆದಾಗ ಮೂಗಿಗೆ ಬಡಿಯುವ ನುಸಿಗುಳಿಗೆಯ ವಾಸನೆ. ಎಲ್ಲ ವಠಾರದ ಎಲ್ಲ ಮಕ್ಕಳೂ ಹೆದರುತ್ತಿದ್ದಂತೆ ಇವರೂ ಹೆದರುತ್ತಿದ್ದ ಒಬ್ಬ ಹೆಂಗಸು, ದರ್ಜಿಯ ಹೆಂಡತಿ, ಎಲ್ಲರೂ ಮೂಲೆಮನೆಯಕ್ಕ ಎಂದು ಕರೆಯುತ್ತಿದ್ದವಳು. ಗಂಡಸರಂಥ ಭುಜ, ಮೇಲ್ದುಟಿಯ ಮೇಲೆ ತೆಳುವಾದ ಮೀಸೆ, ಚೆಂಡು ಅವಳ ಮನೆಯೊಳಗೆ ಬಿದ್ದರೆ ಹೋಯಿತು, ಮತ್ತೆ ಸಿಗುತ್ತಿರಲಿಲ್ಲ. ಆಮೇಲೆ ಸಂಜೆ. ಶಾಲೆಯ ಗಂಟೆ ಬಾರಿಸಿದೊಡನೆ ಓಡಿ ಮನೆಗೆ ಬಂದರೆ ಬಾಗಿಲಲ್ಲೇ ಸೀಮೆಎಣ್ಣೆ ಸ್ಟವ್‌ನ ಸದ್ದು. ಅಮ್ಮ ಅದರ ಮುಂದೆ ಕೂತಿರುತ್ತಿದ್ದಳು, ಬಿಸಿಗೆ ಮುಖ ಕೆಂಪಾಗಿ, ಹಣೆಯ ಮೇಲೆ ಬೆವರು, ಮುಂಗೂದಲು ಚದುರಿ. "ನಾವು ಬರೋ ಹೊತ್ತಿಗೆ ಏನಾದ್ರೂ ಬಿಸಿಯಾಗಿ ಇರ್ಲಿ ಅಂತ ದಿನವಿಡೀ ಆ ಬೆಂಕಿ ಮುಂದೆ ಬೇಯ್ತಿದ್ದಳು ನಮ್ಮಮ್ಮ..."

ಅಲ್ಲಿಗೆ ಅವಳ ದನಿ ನಿಂತಿತು. ಬೇಯುತ್ತಿದ್ದಳು ಎಂದು ತಾನೇ ಹೇಳಿದ್ದು ತನಗೇ ಕೇಳಿಸಿತು. ಇಷ್ಟು ದಿನ ಆ ಕೆಂಪು ಮುಖ ಅವಳಿಗೆ ದೀಪವಾಗಿತ್ತು. ಪರವೂರಿನ ತರಬೇತಿ ಶಾಲೆಯಲ್ಲಿ, ಬಾಣಂತನದ ಜ್ವರದಲ್ಲಿ, ಗಂಡ ತೀರಿಕೊಂಡ ವಾರದಲ್ಲಿ ಕಣ್ಣು ಮುಚ್ಚಿದರೆ ಅದೇ ಮುಖ ಬರುತ್ತಿತ್ತು. ಅದು ಬೆಂಕಿಯ ಮುಂದೆ ಸುಸ್ತಾದ ಒಬ್ಬ ಹೆಂಗಸಿನ ಮುಖ ಎಂಬುದು ತನಗೆ ಹೊಳೆಯದೇ ಹೋಯಿತಲ್ಲ. ಹೊರಗೆ ಹಜಾರದಲ್ಲಿ ಮಕ್ಕಳ ಗದ್ದಲ ಏರಿತು, ಯಾವುದೋ ಶಾಲೆಯ ಗುಂಪು ಬಂದಿರಬೇಕು. "ಒಂದು ನಿಮಿಷ" ಎಂದು ಅವಳು ಎದ್ದಳು.

ಬೆಂಚು ಖಾಲಿಯಿತ್ತು. ಕಾವಲುಗಾರನೂ ಇರಲಿಲ್ಲ. ಅವಳು ಗದ್ದಲ ಕೇಳಿದ ಕಡೆಗೇ ಅವಸರದಿಂದ ಹೋದಳು. ಪ್ರದರ್ಶನದ ಮನೆಗೆ ಮೂರೇ ಗೋಡೆ. ನಾಲ್ಕನೆಯ ಗೋಡೆಯ ಜಾಗದಲ್ಲಿ ಕೆಂಪು ಹಗ್ಗ. ಹಗ್ಗದ ಈಚೆ ಸಮವಸ್ತ್ರದ ಮಕ್ಕಳು ಒಬ್ಬರ ಮೇಲೊಬ್ಬರು ಬಿದ್ದು ನೋಡುತ್ತಿದ್ದರು. ಹಗ್ಗದ ಆಚೆ, ಸ್ಟವ್ ಪಕ್ಕದ ಮೋಟು ಮಣೆಯ ಮೇಲೆ, ಅಮ್ಮ ಆರಾಮವಾಗಿ ಕೂತಿದ್ದಳು. ಗಾಜಿನ ಬುರುಡೆಯ ಲಾಟೀನು ಅವಳ ತಲೆಯ ಮೇಲೆ ತೂಗುತ್ತಿತ್ತು.

"ಮಿಸ್, ಈ ಅಜ್ಜಿ ನಿಜಾನಾ?" ಎಂದಿತು ಒಂದು ಮಗು.

"ಮುಟ್ಟಿ ನೋಡು ಬಾ" ಎಂದಳು ಅಮ್ಮ. ಮಗು ಹಿಂದಕ್ಕೆ ಹಾರಿ ತನ್ನ ಮಿಸ್‌ನ ಬಟ್ಟೆ ಹಿಡಿದುಕೊಂಡಿತು. ಮಿಕ್ಕ ಮಕ್ಕಳು ಕೇಕೆ ಹಾಕಿದವು.

ಅವಳಿಗೆ ಮೈಯೆಲ್ಲ ಉರಿಯಿತು. ಇದೇ ಊರಿನಲ್ಲಿ ಇಂಥ ಎಷ್ಟೋ ಗುಂಪುಗಳನ್ನು ಸಾಲಿನಲ್ಲಿ ನಡೆಸಿಕೊಂಡು, ಯಾವುದನ್ನೂ ಮುಟ್ಟಬೇಡಿ ಎಂದು ಗದರಿಸುತ್ತಾ ಬಂದವಳು ತಾನು. ಹಗ್ಗಕ್ಕೆ ಬಾಗಿ, ತುಟಿ ಅಲ್ಲಾಡಿಸದೆ, "ಏಳಮ್ಮ. ಎಲ್ರೂ ನೋಡ್ತಿದ್ದಾರೆ" ಎಂದಳು.

"ನೋಡ್ಲಿ. ನೋಡೋಕೇ ಅಲ್ವಾ ಇದನ್ನೆಲ್ಲ ಇಟ್ಟಿರೋದು. ಆ ಬೆಂಚು ಬೆನ್ನಿಗೆ ಆಗ್ಲಿಲ್ಲ. ಇವರನ್ನ ಕೇಳೇ ಬಂದೆ."

ಕಾವಲುಗಾರ ಗೋಡೆಯ ಪಕ್ಕ ನಿಂತಿದ್ದ. "ಕೂತ್ಕೊಳ್ಲಿ ಬಿಡಿ ಮೇಡಂ" ಎಂದ, ಸ್ವಲ್ಪ ಸಂಕೋಚದಿಂದ. "ಕಟ್ಟಿದಾಗಿಂದ ನಾನೂ ನೋಡ್ತಾ ಇದ್ದೀನಿ, ಈ ಮನೇಲಿ ಯಾರೂ ಕೂತಿರಲಿಲ್ಲ. ಮನೆ ಅಂದ್ಮೇಲೆ ಒಬ್ರು ಇರ್ಬೇಕಲ್ವಾ."

ಮಿಸ್ ಚಪ್ಪಾಳೆ ತಟ್ಟಿ ಮಕ್ಕಳನ್ನು ಸಾಲು ಮಾಡಿಸಿ ಊಟಕ್ಕೆ ಕರೆದುಕೊಂಡು ಹೋದಳು. ಕಾವಲುಗಾರ ಅವರನ್ನು ಬಾಗಿಲವರೆಗೆ ಕಳಿಸಲು ಹೊರಟ. ಗದ್ದಲ ಕಾಲ್ಸದ್ದಾಯಿತು, ಅದೂ ಇಲ್ಲವಾಗಿ ಹಜಾರ ಒಮ್ಮೆಲೇ ಮಧ್ಯಾಹ್ನದ ಮೌನಕ್ಕೆ ಬಿತ್ತು. ಅವಳು ಅತ್ತಿತ್ತ ನೋಡಿ, ಅರವತ್ತೆಂಟರ ಮಂಡಿಯನ್ನು ಎತ್ತಿ, ಹಗ್ಗ ದಾಟಿದಳು. ಒಳಗಿನಿಂದ ಆ ಮನೆ ಬೇರೆಯಾಗಿತ್ತು. ಹೊರಗಿನಿಂದ ನೋಡುವಾಗ ಮುದ್ದಾಗಿದ್ದ ಸ್ಟವ್, ಟ್ರಂಕು, ಗೋಡೆಯ ಮೊಳೆಗೆ ನೇತುಹಾಕಿದ ಛತ್ರಿ, ಎಲ್ಲ ಇಷ್ಟು ಹತ್ತಿರದಲ್ಲಿ ಒತ್ತೊತ್ತಾಗಿ ಬಂದು ನಿಂತವು. ಇಷ್ಟು ಜಾಗದಲ್ಲಿ ನಾಲ್ಕು ಜನ ಹೇಗಿದ್ದೆವು? ಅವಳು ನೆಲದ ಮೇಲೆ, ಅಮ್ಮನ ಕಾಲ ಬಳಿ ಕೂತಳು. ಹಾಗೆ ಕೂತು ಎಷ್ಟೋ ಕಾಲವಾಗಿತ್ತು. ಬೆಳಗಿನಿಂದ ಗಂಟಲಲ್ಲಿದ್ದದ್ದನ್ನು ಅಮ್ಮನ ಮುಖ ನೋಡದೆ ಕೇಳಿದಳು.

"ತುಂಬಾ ಕಷ್ಟ ಆಗಿತ್ತಾ ಅಮ್ಮ?"

"ಯಾವಾಗ?"

"ಆ ಮನೇಲಿ. ನಿನ್ನೆ ಹೇಳಿದೆಯಲ್ಲ, ನಿನಗೆ ಗೊತ್ತಿರಲಿಲ್ಲ ಅಂತ. ನೀನು ಅಷ್ಟು ಕಷ್ಟಪಟ್ಟಿದ್ದೀಯ, ನಾನು ಮಾತ್ರ ಊರಿಗೆಲ್ಲ ಸ್ವರ್ಗ ಸ್ವರ್ಗ ಅಂತ..." ದನಿ ಒಡೆಯಿತು. ಮೈಕಿನ ಮುಂದೆ ಒಡೆಯದಿದ್ದ ದನಿ.

ಅಮ್ಮ ಬಾಗಿ ಅವಳ ಮುಖ ನೋಡಿದಳು, ಮಗುವಿಗೆ ಜ್ವರ ಇದೆಯೇ ಎಂದು ನೋಡುವ ಹಾಗೆ. "ಅಯ್ಯೋ, ಇದನ್ನ ಇಟ್ಕೊಂಡು ಬೆಳಿಗ್ಗೆಯಿಂದ ಮುಖ ಊದಿಸ್ಕೊಂಡಿದ್ದೀಯಾ? ಕಷ್ಟ ಇರ್ದೇ ಇರುತ್ತಾ. ಯಾರ ಮನೇಲಿ ಇರಲ್ಲ. ನಿಮಗೆ ಗೊತ್ತಾಗದ ಹಾಗೆ ನೋಡ್ಕೊಂಡ್ವಲ್ಲ, ನಾನೂ ನಿಮ್ಮಪ್ಪನೂ. ಅದನ್ನ ಹೇಳಿದ್ದು. ಹೆಮ್ಮೆಗೆ ಹೇಳಿದೆ. ನೀನು ಅದನ್ನ ಬೈಗುಳ ಮಾಡ್ಕೊಂಡೆ."

ಇಷ್ಟು ಸಣ್ಣದಿತ್ತೇ ಅದು. ಅಮ್ಮ ಕೋಣೆಯನ್ನೊಮ್ಮೆ ಸುತ್ತ ನೋಡಿ, "ಎಲ್ಲಾ ಇಟ್ಟಿದ್ದಾರೆ ಪಾಪ" ಎಂದಳು. "ಸೈಕಲ್ ಒಂದು ಇಲ್ಲ."

"ನಮ್ಮ ಮನೇಲಿ ಸೈಕಲ್ ಎಲ್ಲಿತ್ತಮ್ಮ? ಅಪ್ಪ ನಡ್ಕೊಂಡೇ ಹೋಗ್ತಿದ್ರಲ್ಲ."

"ನಮ್ಮದಲ್ಲ. ದರ್ಜಿದು."

ಅಮ್ಮ ಹೇಳಲೋ ಬೇಡವೋ ಎಂದು ತೂಗುತ್ತಿದ್ದಾಳೆ ಎಂಬುದು ಕಾಣುತ್ತಿತ್ತು. ಹಗ್ಗದ ಆಚೆ ಯಾರೂ ಇಲ್ಲವೆಂದು ಕತ್ತು ಚಾಚಿ ಖಾತ್ರಿ ಮಾಡಿಕೊಂಡಳು. ಎಂಬತ್ತು ದಾಟಿದ ಆ ಮುಖದಲ್ಲಿ ಅವಳು ಎಂದೂ ಕಾಣದಿದ್ದ ಒಂದು ಕಳ್ಳತನ ಮೂಡಿತು.

"ನೀವಿಬ್ರೂ ಶಾಲೆಗೆ ಹೋಗ್ತಿದ್ರಿ. ನಿಮ್ಮಪ್ಪ ಪ್ರೆಸ್ಸಿಗೆ. ಆ ದರ್ಜಿ ಇದ್ದನಲ್ಲ, ಊಟ ಆದ್ಮೇಲೆ ಮುಖದ ಮೇಲೆ ಪೇಪರ್ ಹಾಕ್ಕೊಂಡು ಮಲಗಿದ್ರೆ ನಗಾರಿ ಬಾರಿಸಿದ್ರೂ ಏಳ್ತಿರಲಿಲ್ಲ. ಮೂಲೆಮನೆಯಕ್ಕ ಸೈಕಲ್‌ನ ಹಿಂದಿನ ಗಾಲಿ ಎತ್ಕೊಂಡು ಬರ್ತಿದ್ದಳು, ಟಿಕ್ ಟಿಕ್ ಅನ್ಬಾರ್ದು ಅಂತ. ಅವಳಪ್ಪಂದು ಸೈಕಲ್ ಅಂಗಡಿ. ಹುಟ್ಟಿದಾಗಿಂದ ತುಳಿದವಳು. ವಠಾರದ ಹಿಂದೆ ಇಟ್ಟಿಗೆ ಗೂಡಿನ ಬಯಲಿತ್ತಲ್ಲ, ಗೂಡು ಮುಚ್ಚಿಹೋಗಿತ್ತು, ಅಲ್ಲಿ ಒಂದು ನರಪಿಳ್ಳೆನೂ ಬರ್ತಿರಲಿಲ್ಲ. ಅಲ್ಲಿ ನಂಗೆ ಕಲಿಸಿದಳು."

"ಏನು ಕಲಿಸಿದಳು?"

"ಇನ್ನೇನು, ಸೈಕಲ್ಲು."

ಅವಳು ಅಮ್ಮನನ್ನೇ ನೋಡಿದಳು.

"ಗಂಡಸರ ಸೈಕಲ್. ನಡುವೆ ಆ ಕಬ್ಬಿಣದ ಬಾರ್. ಮೊದಮೊದಲು ಬಾರ್ ಕೆಳಗಿಂದ ಕಾಲು ತೂರಿಸಿ ತುಳಿಯೋದು, ಏಡಿ ಹೋದ ಹಾಗೆ. ಆಮೇಲೆ ಬಟ್ಟೆ ಎತ್ತಿ ಸೊಂಟಕ್ಕೆ ಸಿಕ್ಕಿಸಿ ಮೇಲೆ ಹತ್ತಿಬಿಟ್ಟೆ. ಅವಳು ಹಿಂದೆ ಹಿಡ್ಕೊಂಡು ಓಡ್ತಾ, ಚಕ್ರ ನೋಡ್ಬೇಡ, ದೂರ ಆ ಗೋಡೆ ನೋಡು ಅಂತಿದ್ದಳು. ಗೋಡೆ ನೋಡಿದೆ. ಗೋಡೆಗೇ ಹೋದೆ." ಅಮ್ಮ ಮೊಣಕೈ ತಿರುಗಿಸಿ ಬಿಳಿಯ ಗುರುತು ತೋರಿಸಿದಳು.

"ಅದು ನಲ್ಲಿ ಹತ್ರ ಬಿದ್ದದ್ದಲ್ವಾ?"

"ನಿಮಗೆಲ್ಲ ಹಾಗೆ ಹೇಳಿದ್ದು. ಏನಾದ್ರೂ ಹೇಳ್ಬೇಕಲ್ಲ."

ಅವಳಿಗೆ ಮೊದಲು ನಗು ಬಂತು. ಎಷ್ಟು ತರಗತಿಗಳಿಗೆ, ಎಷ್ಟು ಗದ್ಗದವಾಗಿ ಆ ಪಾಚಿಯ ಕಥೆ ಹೇಳಿದ್ದೆ. ನಗುವಿನ ಹಿಂದೆಯೇ ಇನ್ನೇನೋ ಬಂತು. ಅಮ್ಮ ಹೇಳುತ್ತಲೇ ಇದ್ದಳು. ಒಂದು ದಿನ ಮೂಲೆಮನೆಯಕ್ಕ ಕೈಬಿಟ್ಟದ್ದು ತನಗೆ ತಿಳಿಯಲೇ ಇಲ್ಲ, ಬಯಲಿನ ಆ ತುದಿಗೆ ಹೋಗಿ ತಿರುಗಿ ನೋಡಿದರೆ ಅವಳು ಎಲ್ಲೋ ದೂರದಲ್ಲಿ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. ಆಮೇಲೆ ದಿನಾ. ಗಾಳಿ ಕಿವಿಯಲ್ಲಿ ಹಾಡುತ್ತಿತ್ತು. ಶಾಲೆಯ ಗಂಟೆ ಅಲ್ಲಿಗೇ ಕೇಳುತ್ತಿತ್ತು. ಗಂಟೆ ಕೇಳಿದ ಕೂಡಲೇ ಸೈಕಲ್ ಅವಳ ಕೈಗೆ ಕೊಟ್ಟು, ಹಿತ್ತಲ ಬಾಗಿಲಿಂದ ಓಡಿ, ಸ್ಟವ್ ಪಂಪು ಮಾಡಿ ಹಚ್ಚಿ ಅದರ ಮುಂದೆ ಕೂತುಬಿಡುವುದು. "ನೀವು ಬರೋ ಹೊತ್ತಿಗೆ ನನ್ನ ಉಸಿರು ಇನ್ನೂ ಕೂತಿರ್ತಿರಲಿಲ್ಲ. ಮುಖ ಇಷ್ಟು ದಪ್ಪ ಕೆಂಪಗೆ. ನೀನು ಬಂದು ಕುತ್ತಿಗೆಗೆ ಜೋತು ಬೀಳ್ತಿದ್ದೆ. ನಗು ತಡ್ಕೊಳ್ಳೋದೇ ದೊಡ್ಡ ಕೆಲಸ."

ಹಾಗಾದರೆ ಆ ಮುಖ. ಬೆಂಕಿಯದಲ್ಲ, ಬೇಗೆಯದಲ್ಲ. ಜ್ವರದಲ್ಲಿ, ದುಃಖದಲ್ಲಿ ತಾನು ಕಣ್ಣು ಮುಚ್ಚಿ ಕಾಣುತ್ತಿದ್ದ ಆ ಕೆಂಪು, ಆ ಬೆವರು, ಆ ಚದುರಿದ ಮುಂಗೂದಲು, ಅಷ್ಟೂ ಬಯಲಿನ ಗಾಳಿಯಿಂದ ಬಂದದ್ದು. ತಾನು ಬೆಚ್ಚಗಾದದ್ದು ಅಮ್ಮನ ಸುಖದಿಂದ. ಆದರೆ ಆ ಸುಖದೊಳಗೆ ತಾನಿರಲಿಲ್ಲ. ಬೆಳಗಿನಿಂದ ಅವಳು ಹೆದರಿದ್ದು ಅಮ್ಮನ ನೋವು ಬಯಲಾದೀತೆಂದು, ಅದಕ್ಕೆ ಕ್ಷಮೆ ಕೇಳಲು ಒಳಗೇ ಮಾತು ಸಿದ್ಧ ಮಾಡಿಟ್ಟುಕೊಂಡಿದ್ದಳು. ಈಗ ಆ ಮಾತುಗಳನ್ನು ಎಲ್ಲಿಡಬೇಕೋ ತಿಳಿಯಲಿಲ್ಲ. ಅಮ್ಮನ ಅತ್ಯಂತ ಒಳ್ಳೆಯ ಗಳಿಗೆಗಳಲ್ಲಿ ತಾನು ದೂರದ ಒಂದು ಗಂಟೆಯ ಸದ್ದು ಮಾತ್ರ, ಆಟ ನಿಲ್ಲಿಸುವ ಸದ್ದು. ಅರವತ್ತೆಂಟು ವರ್ಷದ ಹೆಂಗಸಿಗೆ ಆರು ವರ್ಷದ ಮಗುವಿನ ಹಾಗೆ ಹೊಟ್ಟೆಕಿಚ್ಚಾಯಿತು. ಆ ಮೀಸೆಯ ಮೂಲೆಮನೆಯಕ್ಕನ ಮೇಲೆ, ಆ ಸೈಕಲ್ಲಿನ ಮೇಲೆ.

"ಅಪ್ಪಂಗೆ ಗೊತ್ತಿತ್ತಾ?"

"ಇಲ್ಲ. ಹೇಳಿದ್ರೆ ಬೈತಿರಲಿಲ್ಲ. ಖುಷಿಪಟ್ಟು ತಾವೇ ಕಲಿಸೋಕೆ ಬಂದ್ಬಿಡ್ತಿದ್ರು. ಆಮೇಲೆ ಅದು ಅವರದ್ದಾಗಿಬಿಡ್ತಿತ್ತು."

"ನಂಗೆ ಯಾಕೆ ಕಲಿಸಲಿಲ್ಲ? ನಂಗೆ ಇವತ್ತಿಗೂ ಸೈಕಲ್ ಬರಲ್ಲ ಗೊತ್ತಾ?"

ಅಮ್ಮ ಇದನ್ನು ನಿಜವಾಗಿ ಯೋಚಿಸಿದಳು. ಸಮಾಧಾನ ಮಾಡಲು ಏನೋ ಒಂದು ಹೇಳಬಹುದಿತ್ತು, ಹೇಳಲಿಲ್ಲ. "ನಿಮಗೆ ಎಲ್ಲಾ ಕೊಟ್ಟೆ" ಎಂದಳು ನಿಧಾನವಾಗಿ. "ಕೊಟ್ಟಿದ್ದಕ್ಕೆ ನಂಗೇನೂ ಬೇಜಾರಿಲ್ಲ, ಇನ್ನೊಂದ್ಸಲ ಬೇಕಾದ್ರೂ ಕೊಡ್ತೀನಿ. ಅದೊಂದು ಮಾತ್ರ ನಂದು."

ಬೆಳಕಿಂಡಿಯಿಂದ ಬಿದ್ದ ಬಿಸಿಲು ಸ್ಟವ್‌ನ ಹಿತ್ತಾಳೆಯ ಮೇಲೆ ಕೂತಿತ್ತು. ಆ ದರ್ಜಿಗೆ ಬೇರೆ ಊರಿನಲ್ಲಿ ಕೆಲಸ ಸಿಕ್ಕಿ ಅವರು ಮನೆ ಬಿಟ್ಟುಹೋದರಂತೆ. ಹೋಗುವ ಹಿಂದಿನ ದಿನ ಅಮ್ಮ ಮೂಲೆಮನೆಯಕ್ಕನನ್ನು ಕ್ಯಾರಿಯರ್ ಮೇಲೆ ಕೂರಿಸಿಕೊಂಡು ಬಯಲಿಗೆ ಒಂದು ಸುತ್ತು ಹೊಡೆದಳಂತೆ. "ಭಾರ ಇದ್ದಳು ಮಾರಾಯ್ತಿ. ತುಳಿಯೋಕೆ ಆಗ್ತಿರಲಿಲ್ಲ. ಅವಳು ನನ್ನ ಬೆನ್ನಿಗೆ ತಲೆ ಒರಗಿಸಿ ಕೂತಿದ್ದಳು. ಆಮೇಲೆ ನಾನು ಸೈಕಲ್ ಮುಟ್ಟಿಲ್ಲ." ಅಮ್ಮನ ದನಿಯಲ್ಲಿ ಅಳುವಿರಲಿಲ್ಲ. ಮಡಿಲಲ್ಲಿ ಕೈ ಮಡಿಸಿಟ್ಟು, ಈಗಷ್ಟೇ ಎಲ್ಲಿಂದಲೋ ಬಂದು ಕೂತವಳ ಹಾಗೆ ಕೂತಿದ್ದಳು. "ನಿನ್ನ ತಮ್ಮಂಗೆ ಹೇಳ್ಬೇಡ. ಫೋನಲ್ಲಿ ಊರಿಗೆಲ್ಲ ಹಾಕ್ತಾನೆ."

"ಮೇಡಂ, ಇಲ್ಲಿದ್ದೀರಾ?" ಸಂಗ್ರಹಾಲಯದ ಹುಡುಗಿ ಹಗ್ಗದ ಆಚೆ ಬಂದು ನಿಂತಿದ್ದಳು. ಇಬ್ಬರು ಮುದುಕಿಯರು ತನ್ನ ಪ್ರದರ್ಶನದೊಳಗೆ ಕೂತಿರುವುದನ್ನು ನೋಡಿ ಕಿವಿಯ ಹಿಂದಿನ ಪೆನ್ಸಿಲು ತೆಗೆದು ಮತ್ತೆ ಸಿಕ್ಕಿಸಿಕೊಂಡಳು. "ಸಾರಿ ಮೇಡಂ. ಮಕ್ಕಳ ಗಲಾಟೆ ಎಲ್ಲಾ ರೆಕಾರ್ಡಿಂಗಲ್ಲಿ ಸೇರ್ಕೊಂಡಿದೆ. ಸಂಜೆ ಭಾಗ ಇನ್ನೊಂದ್ಸಲ ಹೇಳ್ತೀರಾ?"

ಅವಳು ನೆಲಕ್ಕೆ ಕೈಯೂರಿ ಏಳುತ್ತಾ ಆ ಹುಡುಗಿಯನ್ನು ನೋಡಿದಳು. ಇಪ್ಪತ್ತೈದು ಇರಬಹುದು, ಇಪ್ಪತ್ತಾರು ಇರಬಹುದು. ಕತ್ತಿನ ಚರ್ಮ ನುಣುಪಾಗಿತ್ತು, ಸುಮ್ಮನೆ ನಿಂತಾಗಲೂ ಒಂದು ಕಾಲು ತಾಳ ಹಾಕುತ್ತಿತ್ತು. ತಾನು ಮೊದಲ ತರಗತಿಯಲ್ಲಿ ಉಲ್ಟಾ ಅಕ್ಷರ ಬರೆದಾಗ ಅಮ್ಮನಿಗೆ ಇಷ್ಟೇ ವಯಸ್ಸು. ನೆನಪಿನಲ್ಲಿ ಅಮ್ಮ ಎಂದೂ ಹುಡುಗಿಯಾಗಿರಲಿಲ್ಲ. ಹುಟ್ಟುವಾಗಲೇ ಅಮ್ಮನಾಗಿದ್ದಳು, ನಲ್ಲಿಯಷ್ಟು, ಗೋಡೆಯಷ್ಟು ಹಳಬಳಾಗಿದ್ದಳು. ಅಂಥ ಮನೆಯನ್ನು, ಅಷ್ಟು ನೀರನ್ನು, ಅಷ್ಟು ಬಟ್ಟೆಯನ್ನು, ಮಸಿ ಬೆರಳಿನ ಗಂಡನನ್ನು, ಎರಡು ಮಕ್ಕಳನ್ನು, ಕಷ್ಟದ ಸುಳಿವೂ ಯಾರಿಗೂ ಹತ್ತದ ಹಾಗೆ ನಡೆಸಿದವಳು ಇಂಥ ಒಂದು ಹುಡುಗಿ. ನಡೆಸಿ, ಮಿಕ್ಕ ಹೊತ್ತಿನಲ್ಲಿ ತನಗಾಗಿ ಗಾಳಿಯನ್ನೂ ಹುಡುಕಿಕೊಂಡವಳು. ಹೊಟ್ಟೆಕಿಚ್ಚು ಎಲ್ಲಿ ಹೋಯಿತೋ ಅವಳಿಗೆ ತಿಳಿಯಲಿಲ್ಲ. ಅದರ ಜಾಗದಲ್ಲಿ ಬೆರಗು ತುಂಬುತ್ತಾ ಬಂತು, ಕೊಡದಲ್ಲಿ ನೀರೇರಿದ ಹಾಗೆ.

ಕಂಬಳಿ ಹೊದ್ದ ಉಗ್ರಾಣದಲ್ಲಿ ಮತ್ತೆ ಮೈಕಿನ ಮುಂದೆ ಕೂತಳು. ಬಾಗಿಲು ಅರೆತೆರೆದಿತ್ತು; ಆಚೆ ಅಮ್ಮ ಕಾವಲುಗಾರನ ಜೊತೆ ಮಾತಿಗೆ ಇಳಿದಿದ್ದಳು, ಅವನ ಮಂಡಿನೋವಿನ ವಿಚಾರ. ಹುಡುಗಿ ಎದ್ದು ಹೋಗಿ ಬಾಗಿಲು ಭದ್ರ ಮಾಡಿ ಬಂದು ಕೈಯೆತ್ತಿ ಸನ್ನೆ ಮಾಡಿದಳು.

"ಆಗ ನಮ್ಮಮ್ಮನಿಗೆ ಇಪ್ಪತ್ತೈದು ವರ್ಷ" ಎಂದು ಅವಳು ಆರಂಭಿಸಿದಳು. ಅವಳ ದನಿ ಅವಳಿಗೇ ಹೊಸದಾಗಿ ಕೇಳಿತು. ಶಾಲೆಯ ಗಂಟೆಯ ಬಗ್ಗೆ ಹೇಳಿದಳು, ಓಡಿ ಬರುತ್ತಿದ್ದುದನ್ನು ಹೇಳಿದಳು, ಸ್ಟವ್ ಮುಂದೆ ಕೂತ ಕೆಂಪು ಮುಖವನ್ನೂ ಹೇಳಿದಳು, ಬೇಯುತ್ತಿದ್ದಳು ಎನ್ನಲಿಲ್ಲ. ಕೆಂಪಗಿರುತ್ತಿತ್ತು, ಚಂದವಿರುತ್ತಿತ್ತು, ಅಷ್ಟೇ ಎಂದಳು. ಅಲ್ಲಿಗೆ ಮಾತು ಮುಗಿದಿತ್ತು. ಆದರೆ ಹುಡುಗಿ ತನಗೇ ಕುತೂಹಲ ಹುಟ್ಟಿದವಳಂತೆ ಮುಂದಕ್ಕೆ ಬಾಗಿ, ಯಂತ್ರ ಓಡುತ್ತಿರುವಾಗಲೇ ಮೆಲ್ಲಗೆ ಕೇಳಿದಳು: "ನೀವೆಲ್ಲ ಶಾಲೆಗೆ ಹೋದ್ಮೇಲೆ ಮಧ್ಯಾಹ್ನ ಅವರು ಏನ್ ಮಾಡ್ತಿದ್ರು ಮೇಡಂ?"

ಅವಳ ಕಣ್ಣ ಮುಂದೆ ಬಯಲು ಬಂತು. ಮುಚ್ಚಿದ ಇಟ್ಟಿಗೆ ಗೂಡು, ಉರಿಬಿಸಿಲು, ಬಟ್ಟೆಯನ್ನು ಸೊಂಟಕ್ಕೆ ಸಿಕ್ಕಿಸಿದ ಒಬ್ಬ ಹುಡುಗಿ ದೂರದ ಗೋಡೆಯ ತನಕ ಹೋಗಿ, ಬೀಳದೆ, ತಿರುಗಿಸಿಕೊಂಡು ಬರುತ್ತಿದ್ದಾಳೆ. ಬಯಲಿನಲ್ಲಿ ಬೇರೆ ಯಾರೂ ಇಲ್ಲ. ಯಾರೂ ಬೇಕಾಗಿಯೂ ಇಲ್ಲ.

"ಅದು ನಂಗೆ ಗೊತ್ತಿಲ್ಲ" ಎಂದಳು ಅವಳು, ಮೈಕಿಗೆ ಬಾಯಿ ಹತ್ತಿರ ತಂದು, ಪ್ರತಿ ಅಕ್ಷರವೂ ಸ್ಪಷ್ಟವಾಗಿ ಕೇಳುವ ಹಾಗೆ. "ನಾವು ಮನೇಲಿ ಇರ್ತಿರಲಿಲ್ಲವಲ್ಲ."